ಹೊಗೆಯಟ್ಟದ ಮೇಲಿನ ಸುರುಳಿ

ಮಾವಿನಕುರ್ವೆಯ ಮಾದೇವನ ಮಾತು ಬಂದರೆ ಅಲ್ಲಿಯ ಹಿರಿಯರು ಮೊದಲು ಹೊಗಳುವುದು ಅವನ ಕಾಲುಗಳನ್ನು. ಹೊಯ್ದಾಡುವ ದೋಣಿಯಲ್ಲೂ ಅವನು ನೆಟ್ಟ ಗೂಟದಂತೆ ನಿಲ್ಲಬಲ್ಲವನಾಗಿದ್ದ. ಹೊಟ್ಟೆಪಾಡಿಗೆಂದು ಮುಂಬಯಿಗೆ ಹೋದವನನ್ನು ಮೂಕಿ ಚಿತ್ರದ ಕಂಪನಿಯೊಂದು ಕರೆದುಕೊಂಡದ್ದೂ ಅದಕ್ಕಾಗಿಯೇ. ಸಮುದ್ರದ ದೃಶ್ಯಗಳಲ್ಲಿ ನಿಂತು ಕ್ಯಾಮೆರಾದ ಹಿಡಿ ತಿರುಗಿಸಲು ಬೇರೆಯವರಿಂದ ಆಗುತ್ತಿರಲಿಲ್ಲ. ಮುಂದೆ ಚಿತ್ರಗಳಿಗೆ ಮಾತು ಬಂತು, ಕಂಪನಿ ಮುಳುಗಿತು. ತಗಡಿನ ಡಬ್ಬಿಯಲ್ಲಿ ಒಂದೇ ಒಂದು ಸುರುಳಿಯನ್ನು ಹೊತ್ತುಕೊಂಡು ಅವನು ಊರಿಗೆ ಮರಳಿದ. ಆ ಸುರುಳಿಯ ಕೊನೆಯಲ್ಲಿ, ಚಿತ್ರ ತೆಗೆದವನೆಂದು, ಅವನ ಹೆಸರಿತ್ತು.

ಡಬ್ಬಿಯ ಕಾವಲನ್ನು ಹೆಂಡತಿ ಹೊನ್ನಿ ವಹಿಸಿಕೊಂಡಳು. ಶರಾವತಿ ಕಡಲು ಸೇರುವಲ್ಲಿನ ನಡುಗಡ್ಡೆಯಾದ ಆ ಕುರ್ವೆಯಲ್ಲಿ ಮಳೆಗಾಲ ಬಂತೆಂದರೆ ಉಪ್ಪೂ ನೀರಾಗುತ್ತದೆ. ಬಿತ್ತನೆಯ ಭತ್ತ, ಒಣಮೀನು, ಮುರುಗಲು ಸಿಪ್ಪೆ, ಕೆಡಬಾರದ್ದೆಲ್ಲ ಒಲೆಯ ಮೇಲಿನ ಹೊಗೆಯಟ್ಟಕ್ಕೆ ಏರುವುದು ರೂಢಿ. ಸುರುಳಿಯೂ ಏರಿತು. ಮಳೆ ಜೋರಾದಂತೆಲ್ಲ ಅವಳು ಅದನ್ನು ಒಲೆಯ ನೇರಕ್ಕೆ ಸರಿಸುತ್ತಿದ್ದಳು.

"ಗಂಡನ ಸಿನೆಮಾ ಇನ್ನೂ ಬೆಂದಿಲ್ವನೆ ಹೊನ್ನಿ?" ಎಂದು ನೆರೆಮನೆಯ ಸುಕ್ರ ಕೆಣಕುತ್ತಿದ್ದ. ಮುಂಬಯಿಯ ಕಥೆಯನ್ನು ಕುರ್ವೆಯಲ್ಲಿ ಯಾರೂ ನಂಬಿರಲಿಲ್ಲ. ಹೇಳಿ ಹೇಳಿ ದಣಿದು ಮಾದೇವನೂ ಬಿಟ್ಟಿದ್ದ.

೧೯೬೨ರ ಬೇಸಗೆಯಲ್ಲಿ ಶ್ರೀಕೃಷ್ಣ ಪೈ ಎಂಬುವರು ಹೊನ್ನಾವರದಿಂದ ದೋಣಿಯಲ್ಲಿ ಬಂದರು. ಕುಮಟೆಯಲ್ಲಿ ಹುಟ್ಟಿ ಮುಂಬಯಿ ಸೇರಿದವರು. ಮರೆತುಹೋದ ಮೂಕಿ ಚಿತ್ರದವರ ಚರಿತ್ರೆ ಬರೆಯುತ್ತಿದ್ದರು. ಕಣ್ಣಾರೆ ಕಂಡ ಹೆಸರನ್ನಲ್ಲದೆ ಬಾಯಿಮಾತಿನದನ್ನು ಸೇರಿಸುವುದಿಲ್ಲವೆಂದು ಮೊದಲೇ ತಿಳಿಸಿದರು. ಹೊನ್ನಿ ಡಬ್ಬಿ ಇಳಿಸಿ, ಸೆರಗಿನಿಂದ ಮಸಿ ಒರೆಸಿ, ಗಂಡನ ಮುಂದಿಟ್ಟು, ಅದೇ ದೋಣಿಯಲ್ಲಿ ಮೀನು ಮಾರಲು ಹೊರಟಳು.

ಮುಚ್ಚಳ ತೆರೆದಾಗ ಹುಳಿಯ ಘಾಟು ಮೂಗಿಗಡರಿತು. ಒಳಗೆ ನಶ್ಯದಂಥ ಕಂದು ಪುಡಿ. ತಳದಲ್ಲಿ ಜೇನಿನಂತೆ ಅಂಟಿದ ಗಂಟು. ಈ ಬಗೆಯ ಸುರುಳಿಗೆ ಶಾಖವೇ ವೈರಿ, ತಣ್ಣಗಿದ್ದಿದ್ದರೆ ಅಷ್ಟಿಷ್ಟು ಉಳಿಯುತ್ತಿತ್ತು ಎಂದು ಪೈಗಳು ವಿಷಾದದಿಂದ ನುಡಿದು, ಎಲ್ಲಿಟ್ಟಿದ್ದಿರೆಂದು ಕೇಳಿದರು.

ಮಾದೇವ ಅಟ್ಟದತ್ತ ನೋಡಲಿಲ್ಲ. "ಸಮುದ್ರದ ಗಾಳಿ, ಒಡೆಯಾ. ಇಲ್ಲಿ ಕಬ್ಬಿಣವೇ ಉಳೂದಿಲ್ಲ."

ಪೈಗಳು ಪೆನ್ನಿನ ಟೊಪ್ಪಿ ಮುಚ್ಚಿದರು. ಅವರನ್ನು ಹೊನ್ನಾವರದ ದಡಕ್ಕೆ ತಾನೇ ದಾಟಿಸಿ, ಹಿಂತಿರುಗುವಾಗ ಮಾದೇವ ಡಬ್ಬಿಯನ್ನು ಅಳಿವೆಯ ನೀರಿಗೆ ಬಿಟ್ಟ.

ಸಂಜೆ ಹೊನ್ನಿ ತಲೆಯ ಬುಟ್ಟಿ ಇಳಿಸುವ ಮೊದಲೇ ಕೇಳಿದಳು: "ಕೊಂಡೋದ್ರಾ?"

"ಕೊಂಡೋದ್ರು."

"ಹೆಸ್ರು ಕಂಡಿತಾ?"

"ಕಂಡಿತು. ಹೊಗೆಯಲ್ಲಿಟ್ಟದ್ದಕ್ಕೇ ಉಳೀತು ಅಂದ್ರು."

ಅವಳು ಬುಟ್ಟಿಯ ಸಮೇತ ಹಾಗೆಯೇ ತಿರುಗಿ ಕೇರಿಗೆಲ್ಲ ಹೇಳಿಬಂದಳು. ಜನ ಬಂದು ಅಂಗಳದಲ್ಲಿ ಕುಳಿತರು. ಮುಂಬಯಿಯ ಕಥೆಯನ್ನು ಮತ್ತೆ ಕೇಳಿದರು. ಈ ಸಲ ನಂಬಿದರು. ಮಾದೇವ ಗೋಡೆಗೊರಗಿ, ಕೇಳಿದ್ದಕ್ಕಷ್ಟೇ ಉತ್ತರ ಕೊಡುತ್ತಿದ್ದ.