ಚೀಟಿ ಕಿತ್ತ ಫಿಲ್ಟರುಗಳು

ಹೊಲಿಗೆಯಮ್ಮ ಗಂಡನನ್ನು ಡಯಾಲಿಸಿಸ್ ವಾರ್ಡಿಗೆ ನಡೆಸಿಕೊಂಡು ಬಂದಾಗ ಅವನ ಪಾದಗಳು ಚಪ್ಪಲಿಯಲ್ಲಿ ಹಿಡಿಸದಷ್ಟು ಊದಿದ್ದವು. ಮೂತ್ರಪಿಂಡ ಕೈಕೊಟ್ಟ ಮೇಲೆ ಅವನ ರಕ್ತವನ್ನು ಯಂತ್ರವೇ ತೊಳೆಯಬೇಕು. ವಾರಕ್ಕೆ ಮೂರು ಸಲ ಆಗಬೇಕಾದದ್ದು ಈಗ ಒಂದೇ ಸಲ. ಅದೂ ತಪ್ಪಿದರೆ ಬದುಕುವುದು ಕಷ್ಟ ಎಂದು ಡಾಕ್ಟರು ಹೇಳಿದ್ದರು.

ದೊಡ್ಡ ದೇಶವೊಂದು ಇವರ ದೇಶಕ್ಕೆ ದಿಗ್ಬಂಧನ ಹಾಕಿತ್ತು. ಔಷಧಿಗೆ ಅಡ್ಡಿಯಿಲ್ಲವೆಂದು ಅದರ ವಕ್ತಾರ ಟೀವಿಯಲ್ಲಿ ನಗುನಗುತ್ತಾ ಹೇಳುತ್ತಿದ್ದ. ಅಡ್ಡಿಯಿಲ್ಲ, ನಿಜ. ಆದರೆ ಹಣ ದಾಟಿಸಲು ಯಾವ ಬ್ಯಾಂಕಿಗೂ ಧೈರ್ಯವಿಲ್ಲ, ಪೆಟ್ಟಿಗೆ ಹೊರಲು ಯಾವ ಹಡಗಿಗೂ ಮನಸ್ಸಿಲ್ಲ. ಊಟಕ್ಕೆ ಕರೆದು ಕೈ ಕಟ್ಟಿ ಕೂರಿಸಿದ ಹಾಗೆ.

ಹೀಗಾಗಿ ಯಂತ್ರದಲ್ಲಿ ರಕ್ತ ಸೋಸುವ, ಒಮ್ಮೆ ಬಳಸಿ ಎಸೆಯಬೇಕಾದ ಫಿಲ್ಟರನ್ನು ಈ ವಾರ್ಡಿನವರು ತೊಳೆದು ಮತ್ತೆ ಮತ್ತೆ ಬಳಸುತ್ತಿದ್ದರು. ಒಬ್ಬರದು ಇನ್ನೊಬ್ಬರಿಗೆ ಹೋದರೆ ಒಬ್ಬರ ಕಾಯಿಲೆ ಇನ್ನೊಬ್ಬರ ರಕ್ತಕ್ಕೆ. ಆದ್ದರಿಂದ ಪ್ರತಿಯೊಂದಕ್ಕೂ ರೋಗಿಯ ಹೆಸರಿನ ಚೀಟಿ ಅಂಟಿಸಿ ಕಪಾಟಿನಲ್ಲಿಡುತ್ತಿದ್ದರು.

ಇಂದು ವಾರ್ಡಿನ ತುಂಬ ಕ್ಯಾಮೆರಾ. ಮಂತ್ರಿಗಳು ಬಂದಿದ್ದರು.

"ಏನೇ ಇದು, ನಮ್ಮ ಮದುವೇಲೂ ಇಷ್ಟು ಲೈಟ್ ಇರಲಿಲ್ಲ" ಎಂದ ಗಂಡ.

"ಸುಮ್ನಿರಿ, ಯಾರಾದ್ರೂ ಕೇಳಿಸ್ಕೊಂಡಾರು."

"ಕೇಳಿಸ್ಕೊಳ್ಳಲಿ ಬಿಡು. ಬಸ್ ಓಡಿಸೋವಾಗ ಹಾರ್ನ್ ಹೊಡೆಯೋಕೆ ಯಾರನ್ನಾದ್ರೂ ಕೇಳಿದ್ನಾ?"

ಮೇಜಿನ ಮೇಲೆ ಫಿಲ್ಟರುಗಳನ್ನು ಸಾಲಾಗಿ ಜೋಡಿಸಿದ್ದರು. ಮಂತ್ರಿಗಳು ಒಂದನ್ನು ಕೈಗೆತ್ತಿಕೊಂಡು, "ನೋಡಿ ಶತ್ರುಗಳ ಕ್ರೌರ್ಯ! ನಮ್ಮ ಜನ ಇದನ್ನೂ ತೊಳೆದು ಬಳಸಬೇಕಾಗಿದೆ" ಎಂದರು. ಬೇಕಾದ ಕಡೆ ಕರವಸ್ತ್ರ ಕಣ್ಣಿಗೆ ಹೋಯಿತು. ದೀಪಗಳು ಆರಿದವು, ಮಂತ್ರಿಗಳು ಮಹಡಿಯ ಮೆಟ್ಟಿಲಿಳಿದು ಹೋದರು.

ಫಿಲ್ಟರ್ ತರಲು ಮೇಜಿನ ಬಳಿ ಹೋದ ಸಿಸ್ಟರ್ ಚೀರಿದಳು. ಒಂದರ ಮೇಲೂ ಚೀಟಿಯಿಲ್ಲ.

"ಹೆಸರು ಟೀವೀಲಿ ಬರಬಾರದಲ್ಲ ಸಿಸ್ಟರ್, ರೋಗಿಗಳ ಮರ್ಯಾದೆ ನೋಡಿ" ಎಂದ ಮಂತ್ರಿಗಳ ಸಹಾಯಕ, ಲೈಟಿನ ವೈರು ಸುತ್ತಿಸುತ್ತಾ. "ಚೀಟಿ ಕಸದ ಬುಟ್ಟೀಲಿದೆ. ಮತ್ತೆ ಅಂಟಿಸ್ಕೊಳ್ಳಿ."

"ಯಾವುದಕ್ಕೆ ಯಾರದು ಅಂತ ಅಂಟಿಸಲಿ?"

ಅವನು ಗಡಿಯಾರ ನೋಡಿಕೊಂಡು ಇಳಿದುಹೋದ.

"ಸಿಸ್ಟರ್, ಇವತ್ತು ಇವರಿಗೆ?" ಎಂದಳು ಹೊಲಿಗೆಯಮ್ಮ. ಸಿಸ್ಟರ್ ಯಂತ್ರದ ಸ್ವಿಚ್ ಆರಿಸಿದಳು.

ಹೊಲಿಗೆಯಮ್ಮ ಜೀವಮಾನವೆಲ್ಲ ಬಂದದ್ದನ್ನು ದೇವರ ಪಾದಕ್ಕೆ ಹಾಕಿ ಸುಮ್ಮನಿದ್ದವಳು. ಇಂದು, "ತಂದೆ, ಈಗ ನನ್ನ ಬಾಯಿ ಕಟ್ಟಬೇಡ" ಎಂದು ಬೇಡಿಕೊಂಡಳು. ಫಿಲ್ಟರುಗಳನ್ನೆಲ್ಲ ಟ್ರೇಗೆ ತುಂಬಿ ಕೆಳಗಿಳಿದಳು. ಹೊರಡಲಿದ್ದ ಮಂತ್ರಿಗಳ ಕಾರಿನ ಬಾನೆಟ್ ಮೇಲೆ ಟ್ರೇ ಇಟ್ಟಳು.

"ಏನಮ್ಮಾ ಇದು?" ಎಂದು ಮಂತ್ರಿಗಳು ಕಾರಿನ ಗಾಜು ಇಳಿಸಿದರು.

"ನಿಮ್ಮ ಫೋಟೋದ ಸಾಮಾನು ಸ್ವಾಮಿ. ಇದರಲ್ಲಿ ನನ್ನ ಗಂಡಂದು ಯಾವುದು, ತೋರಿಸಿಕೊಡಿ."

"ಇದೆಲ್ಲ ಆ ದೇಶದವರ ಪಾಪ, ತಾಯಿ."

"ಅವರ ಪಾಪಕ್ಕೆ ಅವರು ದೇವರ ಮುಂದೆ ಉತ್ತರ ಹೇಳಲಿ. ಚೀಟಿ ಕಿತ್ತೋರು ಅವರಲ್ಲ."

ಡ್ರೈವರ್ ಹಾರ್ನ್ ಹೊಡೆದ. ಅವಳು ಕದಲಲಿಲ್ಲ. ವಾರ್ಡಿನ ರೋಗಿಗಳ ಕಡೆಯವರು ಒಬ್ಬೊಬ್ಬರಾಗಿ ಇಳಿದು ಬಂದು ಕಾರಿನ ಸುತ್ತ ನಿಂತರು. ಕ್ಯಾಮೆರಾದವನು ಕ್ಯಾಮೆರಾ ಎತ್ತಲೋ ಬೇಡವೋ ಎಂದು ಸಹಾಯಕನ ಮುಖ ನೋಡಿದ. ಮಂತ್ರಿಗಳು ಏನೋ ಗೊಣಗಿದರು. ಸಹಾಯಕ ಫೋನ್ ಹಚ್ಚಿದ.

"ನಮ್ಮ ಅಧಿಕಾರಿಗಳ ಆಸ್ಪತ್ರೆಯಾ? ಒಂದು ಪೆಟ್ಟಿಗೆ ಫಿಲ್ಟರ್ ಕಳಿಸಿ. ಹೂಂ, ಹೊಸದೇ. ಈಗಲೇ."

ಸುತ್ತ ನಿಂತವರು ನೆಮ್ಮದಿಯ ಉಸಿರುಬಿಟ್ಟರು. ಯಾರೋ "ಬದುಕಿದೆವು" ಎಂದರು. ಹೊಲಿಗೆಯಮ್ಮ ಬಾನೆಟ್ ಮೇಲೆ ಕೈ ಊರಿದಳು. ಹಾಗಾದರೆ ಇತ್ತು. ಇದೇ ಊರಿನಲ್ಲಿ, ಪೆಟ್ಟಿಗೆ ಪೆಟ್ಟಿಗೆ ಇತ್ತು.

"ಸಿಕ್ತಲ್ಲಮ್ಮಾ, ದಾರಿ ಬಿಡಿ" ಎಂದ ಸಹಾಯಕ.

"ಪಕ್ಕದ ಮಂಚದ ಹುಡುಗಿ ಹೋದ ತಿಂಗಳು ಸತ್ತಳಲ್ಲ," ಎಂದಳು ಅವಳು, ಮಂತ್ರಿಗಳನ್ನೇ ನೋಡುತ್ತಾ. "ಫಿಲ್ಟರ್ ಇಲ್ಲ ಅಂತ. ಆಗ ಇದು ಎಲ್ಲಿತ್ತು?"

ಕಾರಿನ ಗಾಜು ಮೇಲೇರಿತು. ಅವಳು ಬಾನೆಟ್ ಮೇಲಿಂದ ಕೈ ತೆಗೆಯಲಿಲ್ಲ.