ಮಹಾರಾಜನ ರುಮಾಲು

ಲಿಂಡ್‌ಮನ್ ರಟ್ಟಿನ ಪೆಟ್ಟಿಗೆಯ ದಾರ ಕತ್ತರಿಸಿ ಮುಚ್ಚಳ ತೆಗೆದ. ಒಳಗೆ ಕಟ್ಟಿದ ರುಮಾಲು ಇರಲಿಲ್ಲ. ಇಸ್ತ್ರಿ ಮಾಡಿ ಮಡಿಸಿಟ್ಟ ಒಂಬತ್ತು ಗಜ ಕೇಸರಿ ರೇಷ್ಮೆ ಇತ್ತು.

"ಅಯ್ಯೋ ದೇವರೇ! ಸ್ಟುಡಿಯೋದವರು ಬಿಚ್ಚಿ ಒಗೆದುಬಿಟ್ಟಿದ್ದಾರೆ," ಎಂದು ಅಷ್ಟನ್ನೂ ಅನಂತಕೃಷ್ಣನ ಕೈಗೆ ತುರುಕಿದ. "ಡಾಕ್ಟರ್, ಬೇಗ ಕಟ್ಟಿಕೊಡಿ. ಶವಪೆಟ್ಟಿಗೆಯ ಮೇಲೆ ಇಡಬೇಕು. ಹದಿನೈದು ನಿಮಿಷ ಇದೆ. ಇದನ್ನು ಕಟ್ಟಲು ಬರುತ್ತಿದ್ದದ್ದು ಇಬ್ಬರಿಗೆ, ಅದರಲ್ಲಿ ಒಬ್ಬ ಪೆಟ್ಟಿಗೆಯೊಳಗಿದ್ದಾನೆ."

ಸಿನಿಮಾ ಕಂಪನಿಯ ಮನುಷ್ಯ, ಸಾವಿನ ಮನೆಯಲ್ಲೂ ಶೂಟಿಂಗಿನ ಅವಸರ. ಹೇಳಿದ್ದೇ ಹೊರಗೆ ಹೋದ.

ಅದು ಜರ್ಮನಿಯ ಕಲೋನ್ ನಗರದ ಒಂದು ಸ್ಮಶಾನದ ಪ್ರಾರ್ಥನಾಮಂದಿರದ ಪಕ್ಕದ ಕೋಣೆ. ೧೯೭೪ರ ನವೆಂಬರ್. ಬಾಗಿಲಾಚೆ ಅರವತ್ತು ಜನ ಕುಳಿತಿದ್ದರು. ಪೆಟ್ಟಿಗೆಯಲ್ಲಿದ್ದವನು ನಟ ಲೋಥರ್ ವೀಸ್ನರ್, ವಯಸ್ಸು ಅರವತ್ತೊಂದು. ಆ ಹೆಸರು ಹೇಳಿದರೆ ಜರ್ಮನಿಯಲ್ಲಿ ಯಾರಿಗೂ ಗೊತ್ತಾಗುತ್ತಿರಲಿಲ್ಲ. ಮಹಾರಾಜ ರಂಬೂರ್ ಎಂದರೆ ಟ್ರಾಮಿನ ಕಂಡಕ್ಟರನೂ ನಗುತ್ತಿದ್ದ. ಒಂಬತ್ತು ಸಿನಿಮಾಗಳಲ್ಲಿ ಮುಖಕ್ಕೆ ಕಂದು ಬಣ್ಣ ಬಳಿದುಕೊಂಡು, ಒಳ್ಳೆಯವರ ಕಾಫಿಗೆ ವಿಷ ಬೆರೆಸಿ, ಒಂಬತ್ತರಲ್ಲೂ ಕೊನೆಗೆ ಸತ್ತು, ಮುಂದಿನದರಲ್ಲಿ ಸತ್ತವನ ತಮ್ಮನಾಗಿ ಮರಳಿ ಬಂದ ಪುಣ್ಯಾತ್ಮ ಅವನು.

"ಯಾಕ್ರೀ ಹಾಗೇ ನಿಂತ್ಬಿಟ್ರಿ?" ಎಂದಳು ಅನಂತಕೃಷ್ಣನ ಹೆಂಡತಿ ಕಲ್ಯಾಣಿ. "ಟೈಮ್ ಇಲ್ಲ. ಅಪ್ಪ ಕಟ್ತಿದ್ದ ಹಾಗೆ ಕಟ್ಟೋದು ನಂಗೊಬ್ಬನಿಗೇ ಬರತ್ತೆ ಅಂತ ಜಂಬ ಕೊಚ್ಕೋತಿದ್ರಲ್ಲ."

"ಆಗಲ್ಲ ಕಣೆ. ಹಾಸ್ಪಿಟಲ್‌ನಲ್ಲಿ ಲೋಥರ್ ನನ್ ಹತ್ರ ಪ್ರಾಮಿಸ್ ತಗೊಂಡಿದಾನೆ."

"ಏನಂತ?"

"ಆ ಬಟ್ಟೆ ನನ್ ಜೊತೆ ಬರಕೂಡದು ಅಂತ. ಕೊನೇ ಸಲನಾದ್ರೂ ನನ್ನನ್ನ ನಾನಾಗಿ ಕಳಿಸು ಅಂದ."

ಕಲ್ಯಾಣಿ ಬಾಗಿಲ ಕಡೆ ನೋಡಿದಳು. "ಟ್ರೂಡೆಗೆ ಹೇಳಿದೀರಾ?"

ಹೇಳಿರಲಿಲ್ಲ. ಗಂಡ ಲೋಥರ್ ಸತ್ತು ಐದು ದಿನವಾದವಳ ಮುಂದೆ ಅದನ್ನು ಹೇಗೆ ಎತ್ತುವುದು?

* * *

೧೯೬೨ರಲ್ಲಿ ಅನಂತಕೃಷ್ಣ ರಸಾಯನಶಾಸ್ತ್ರದಲ್ಲಿ ಡಾಕ್ಟರೇಟ್ ಮಾಡುತ್ತ ವೀಸ್ನರ್ ದಂಪತಿಗಳ ಹಿಂದಿನ ಕೋಣೆಯಲ್ಲಿ ಬಾಡಿಗೆಗಿದ್ದ. ಎರಡು ವರ್ಷ ಕೆಲಸವಿಲ್ಲದೆ ಕುಳಿತಿದ್ದ ಲೋಥರ್‌ಗೆ ಆ ಅಕ್ಟೋಬರಿನಲ್ಲಿ ಮಹಾರಾಜ ರಂಬೂರನ ಸಣ್ಣ ಪಾತ್ರ ಸಿಕ್ಕಿತು. ಸ್ಟುಡಿಯೋದವರು ಕಟ್ಟಿದ ರುಮಾಲಿನಲ್ಲೇ ಅವನು ಮನೆಗೆ ಬಂದ. ತಲೆ ಒಡೆದುಕೊಂಡು ಆಸ್ಪತ್ರೆಯಿಂದ ಬಂದವನ ಹಾಗಿದ್ದ.

ನಕ್ಕು ಸುಮ್ಮನಿದ್ದಿದ್ದರೆ ಎಲ್ಲ ಸರಿಹೋಗುತ್ತಿತ್ತು. ಆದರೆ ಅನಂತಕೃಷ್ಣನ ತಂದೆ ಮೈಸೂರಿನ ಅರಮನೆ ಕಚೇರಿಯಲ್ಲಿ ಗುಮಾಸ್ತರು, ಪ್ರತಿದಿನ ಬೆಳಿಗ್ಗೆ ರುಮಾಲು ಸುತ್ತಿಕೊಂಡೇ ಮನೆ ಬಿಡುವವರು. ಬಟ್ಟೆಯ ಇನ್ನೊಂದು ತುದಿಯನ್ನು ಬಿಗಿಯಾಗಿ ಹಿಡಿದು ನಿಲ್ಲುವುದು ಹಿರಿಯ ಮಗನ ಕೆಲಸ. ಹುಡುಗ ಸಡಿಲ ಬಿಟ್ಟರೆ ರುಮಾಲು ಮಧ್ಯಾಹ್ನದೊಳಗೆ ಜಾರುತ್ತಿತ್ತು, ಸಂಜೆ ಬೈಗುಳ ಬೀಳುತ್ತಿತ್ತು. ಅಂಥವನಿಗೆ ತಪ್ಪು ರುಮಾಲನ್ನು ನೋಡಿಕೊಂಡಿರಲು ಆಗಲಿಲ್ಲ.

"ಬಿಚ್ಚಿ ಅದನ್ನ," ಎಂದ. ಲೋಥರ್‌ನನ್ನು ಅಡುಗೆಮನೆಯ ಸ್ಟೂಲಿನ ಮೇಲೆ ಕೂರಿಸಿ, ತುದಿಯನ್ನು ಟ್ರೂಡೆಯ ಕೈಗೆ ಕೊಟ್ಟು, ಮಡಿಕೆ ಮಡಿಕೆಯಾಗಿ ಸುತ್ತಿದ. ಹುಮ್ಮಸ್ಸು ಅಲ್ಲಿಗೇ ನಿಲ್ಲಲಿಲ್ಲ. ಹೇಗೆ ಕೂರಬೇಕು, ಹೇಗೆ ಕತ್ತು ತಿರುಗಿಸಬೇಕು ಎಂಬುದನ್ನೂ ಒಂದು ವಾರ ಪಾಠ ಮಾಡಿದ. ಹೊರದೇಶದಲ್ಲಿ ತನ್ನೂರಿನದೊಂದು ವಸ್ತು ಸರಿಯಾಗಿ ಕಾಣಲಿ ಎಂಬ ಅಭಿಮಾನ, ಮತ್ತೇನಿಲ್ಲ.

ಲೋಥರ್ ಕಿಟಕಿಯ ಗಾಜಿನಲ್ಲಿ ನೋಡಿಕೊಂಡು, "ಇದನ್ನು ಮಾಡಬಲ್ಲೆನಾದರೆ ಇನ್ನು ಯಾವ ಪಾತ್ರವನ್ನಾದರೂ ಮಾಡಬಲ್ಲೆ," ಎಂದ.

ರುಮಾಲು ಸರಿಯಿದ್ದದ್ದರಿಂದ ಜನ ಅದರ ಕೆಳಗಿನ ಮಹಾರಾಜನೂ ನಿಜವೇ ಎಂದುಕೊಂಡರು. ಲೋಥರ್‌ಗೆ ಬೇರೆ ಪಾತ್ರ ಸಿಗಲೇ ಇಲ್ಲ.

* * *

ಒಮ್ಮೆ ಸಿಕ್ಕಿತು. ೧೯೬೯ರಲ್ಲಿ ಒಂದು ಚಿಕ್ಕ ಊರಿನ ರಂಗಮಂದಿರದವರು ಮುದಿ ಶಾಲಾಮಾಸ್ತರನ ಪಾತ್ರಕ್ಕೆ ಕರೆದರು. ಲೋಥರ್ ನಾಲ್ಕು ತಿಂಗಳು ಮಾಸ್ತರನಾಗಿಯೇ ಮನೆಯಲ್ಲಿ ಓಡಾಡಿದ, ಊಟದ ಮೇಜಿನಲ್ಲೂ ವ್ಯಾಕರಣ ತಿದ್ದಿದ. ಮೊದಲ ಪ್ರದರ್ಶನಕ್ಕೆ ಅನಂತಕೃಷ್ಣನೂ ಕಲ್ಯಾಣಿಯೂ ರೈಲು ಹತ್ತಿ ಹೋಗಿದ್ದರು.

ಸವೆದ ಕೋಟು ತೊಟ್ಟು, ಕೈಯಲ್ಲಿ ಉತ್ತರಪತ್ರಿಕೆಗಳ ಕಟ್ಟು ಹಿಡಿದು ಅವನು ಬಂದ. ಕಾಫಿ ಎಲ್ಲಿ ಎಂದು ಮಕ್ಕಳನ್ನು ಕೇಳುವುದು ಅವನ ಮೊದಲ ಮಾತು. ಮೂರನೆಯ ಸಾಲಿನಿಂದ ಯಾರೋ, "ಮಹಾರಾಜ ಬಂದ, ಕುಡಿಯಬೇಡಿ!" ಎಂದು ಕೂಗಿದರು. ಇಡೀ ಸಭಾಂಗಣ ಬಿದ್ದು ಬಿದ್ದು ನಕ್ಕಿತು. ಲೋಥರ್ ನಾಟಕವನ್ನು ಕೊನೆಯವರೆಗೂ ಆಡಿದ, ಒಂದು ಮಾತನ್ನೂ ತಪ್ಪದೆ. ಸಾಯುವ ದೃಶ್ಯಕ್ಕೂ ಜನ ನಕ್ಕರು.

ವಾಪಸಾಗುವಾಗ ರೈಲಿನಲ್ಲಿ ಅವನು ಹೇಳಿದ್ದು ಒಂದೇ ಮಾತು. "ಅನಂತ, ನೀನು ಬಹಳ ಚೆನ್ನಾಗಿ ಕಟ್ಟಿದೆ." ಅದರಲ್ಲಿ ವ್ಯಂಗ್ಯವಿರಲಿಲ್ಲ. ಅನಂತಕೃಷ್ಣನಿಗೆ ಕಪಾಳಕ್ಕೆ ಹೊಡೆಸಿಕೊಂಡಂತಾಯಿತು. ಅಂದಿನಿಂದ, ವೇಷ ಹಾಕಿ ಕುಣಿಯುವ ಕಾರ್ನಿವಲ್ ಹಬ್ಬ ಬಂದಾಗ ತಾನು ಕೆಲಸ ಮಾಡುವ ಇನ್‌ಸ್ಟಿಟ್ಯೂಟಿನ ಗೆಳೆಯರು ಮಹಾರಾಜನ ವೇಷದಲ್ಲಿ ಬಾ ಎಂದು ಕರೆದರೆ, ಅವನು ತಲೆನೋವೆಂದು ಬಾಗಿಲು ಹಾಕಿಕೊಳ್ಳುತ್ತಿದ್ದ.

* * *

ಟ್ರೂಡೆ ಕೋಣೆಗೆ ಬಂದಳು. ಕಪ್ಪು ಕೋಟು, ಬೋಳು ಕತ್ತು. ಬಟ್ಟೆ ಇನ್ನೂ ಮಡಿಸಿದ ಹಾಗೇ ಇರುವುದನ್ನು ನೋಡಿದಳು.

"ಟ್ರೂಡೆ, ನಾನಿದನ್ನು ಕಟ್ಟಲಾರೆ," ಎಂದ ಅನಂತಕೃಷ್ಣ. "ಅವನು ನನ್ನಿಂದ ಮಾತು ತೆಗೆದುಕೊಂಡಿದ್ದಾನೆ."

"ಇದು ಅವನ ಜೊತೆ ಹೋಗಬಾರದು ಅಂತ ತಾನೇ? ನನ್ನಿಂದಲೂ ತೆಗೆದುಕೊಂಡಿದ್ದ."

ಅನಂತಕೃಷ್ಣ ತಲೆಯೆತ್ತಿ ಅವಳನ್ನು ನೋಡಿದ.

"ಪೇಪರಿನ ಸಾವಿನ ಸುದ್ದಿಯಲ್ಲಿ ಮೊದಲು ಲೋಥರ್ ವೀಸ್ನರ್, ನಟ ಅಂತ ಮಾತ್ರ ಹಾಕಿಸಿದೆ. ಮೂರು ದಿನ ಫೋನಿನ ಪಕ್ಕದಲ್ಲೇ ಕೂತಿದ್ದೆ ಅನಂತ. ಫೋನ್ ಮಾಡಿದ್ದು ನೀವಿಬ್ಬರು, ಆಮೇಲೆ ಮೇಲಿನ ಮಹಡಿಯ ಮುದುಕಿ. ನಿನ್ನೆ ಲಿಂಡ್‌ಮನ್ ಇನ್ನೊಂದು ಹಾಕಿಸಿದ. ಮಹಾರಾಜ ಇನ್ನಿಲ್ಲ ಅಂತ, ಫೋಟೋ ಸಮೇತ." ಅವಳು ಬಾಗಿಲ ಕಡೆ ತಲೆ ಆಡಿಸಿದಳು. "ಈಗ ಕೂರಲು ಜಾಗ ಇಲ್ಲ. ಅವನು ನಲವತ್ತು ವರ್ಷ ರಂಗದ ಮೇಲಿದ್ದವನು. ಖಾಲಿ ಕುರ್ಚಿಗಳ ಮುಂದೆ ಅವನನ್ನು ಕಳಿಸಲು ನನ್ನಿಂದ ಆಗುವುದಿಲ್ಲ. ಬೈಯುವುದಿದ್ದರೆ ನನ್ನನ್ನು ಬೈಯಲಿ."

ಅನಂತಕೃಷ್ಣ ಕಲ್ಯಾಣಿಯ ಮುಖ ನೋಡಿದ. ಅವಳು ಆಗಲೇ ಅಳುತ್ತಿದ್ದಳು.

"ಕಟ್ಟಿಬಿಡ್ರೀ," ಎಂದಳು ಮೆಲ್ಲನೆ. "ಅವನಂತೂ ಹೋದ, ಬದುಕಿರೋಳು ಇವಳೊಬ್ಬಳೇ."

ಕಟ್ಟುವುದಕ್ಕೆ ತಲೆ ಬೇಕು. ಪೆಟ್ಟಿಗೆಗೆ ಮೊಳೆ ಹೊಡೆದಾಗಿತ್ತು. ಕುರ್ಚಿಯ ಬೆನ್ನಿಗೆ ಸುತ್ತಿ ನೋಡಿದ, ಮಂಡಿಗೆ ಸುತ್ತಿ ನೋಡಿದ, ರೇಷ್ಮೆ ಜಾರಿ ನೆಲಕ್ಕೆ ಬಿತ್ತು. ಬಾಗಿಲಾಚೆ ಯಾರೋ ಕೆಮ್ಮಿದರು. ಹನ್ನೆರಡು ವರ್ಷ ಇನ್ನೊಬ್ಬನ ತಲೆಯ ಮೇಲಿದ್ದದ್ದನ್ನು ಅನಂತಕೃಷ್ಣ ತನ್ನ ತಲೆಗೇ ಸುತ್ತಿಕೊಳ್ಳತೊಡಗಿದ.

ಟ್ರೂಡೆ ಹೇಳಿಸಿಕೊಳ್ಳದೆ ಇನ್ನೊಂದು ತುದಿ ಹಿಡಿದು ಕೋಣೆಯ ಆ ಮೂಲೆಗೆ ಹೋಗಿ ನಿಂತಳು. ಬಿಗಿ ಸರಿಯಾಗಿತ್ತು. ಅವನು ಸುತ್ತುತ್ತ ಬಂದ ಹಾಗೆ ಬಟ್ಟೆ ಗಿಡ್ಡವಾಯಿತು, ಅವಳು ಒಂದೊಂದೇ ಹೆಜ್ಜೆ ಹತ್ತಿರ ಬಂದಳು. ಕೊನೆಯ ಸೆರಗನ್ನು ಕಲ್ಯಾಣಿ ಹಿಂದಿನಿಂದ ಸಿಕ್ಕಿಸಿದಳು.

"ಆಯ್ತು, ತೆಗೀರಿ ಈಗ. ಅಲುಗಾಡದ ಹಾಗೆ, ಎರಡೂ ಕೈಲಿ."

ಅವನು ಎರಡೂ ಕೈ ಎತ್ತಿದ. ಅಷ್ಟರಲ್ಲಿ ಎಲ್ಲ ಮುಗಿದಿರಬೇಕೆಂದುಕೊಂಡು ಲಿಂಡ್‌ಮನ್ ಬಾಗಿಲನ್ನು ಪೂರ್ತಿ ತೆರೆದುಬಿಟ್ಟ. ಆರ್ಗನ್ ಶುರುವಾಯಿತು. ಅರವತ್ತು ತಲೆಗಳು ತಿರುಗಿದವು.

ಮುಂದಿನ ಸಾಲಿನಲ್ಲಿದ್ದ ಒಬ್ಬ ಮುದುಕ ಅನಂತಕೃಷ್ಣನನ್ನು ದಿಟ್ಟಿಸಿದ. ಕೋಲೂರಿ ಕಷ್ಟಪಟ್ಟು ಎದ್ದು, ಹ್ಯಾಟು ತೆಗೆದು ಎದೆಗೆ ಹಿಡಿದುಕೊಂಡ. ಅವನ ಹಿಂದೆ ಇನ್ನೊಬ್ಬರು ಎದ್ದರು. ಆಮೇಲೆ ಸಾಲುಸಾಲಾಗಿ ಎಲ್ಲರೂ ಎದ್ದು ನಿಂತು, ಮಹಾರಾಜ ಒಳಗೆ ಬರಲೆಂದು ಕಾದರು.

ಅನಂತಕೃಷ್ಣನ ಕೈಗಳು ರುಮಾಲನ್ನು ಮುಟ್ಟದೆ ಕೆಳಗಿಳಿದವು.