ಶೇಡಬಾಳದ ಹಾದಿಯಲ್ಲಿ ಗೆದ್ದ ಗಾಡಿ

ಎಂಬತ್ತೇಳನೇ ಇಸವಿಯ ಸುಮಾರಿಗೆ ಕಾಗವಾಡದ ಮುರಗೆಪ್ಪನಿಗೆ ಶರ್ಯತ್ತಿನಲ್ಲಿ, ಅಂದರೆ ಓಟದ ಪಂದ್ಯದಲ್ಲಿ, ಎತ್ತಿನಗಾಡಿ ಹೊಡೆಯುವುದೇ ಕಸುಬು. ಚಿಕ್ಕೋಡಿಯಿಂದ ಅಥಣಿಯವರೆಗೆ ಯಾರ ಎತ್ತು ಓಡಬೇಕಾದರೂ ಹಗ್ಗ ಇವನ ಕೈಗೇ ಬರುತ್ತಿತ್ತು. ಗೋಡೆಗೆ ಗೆದ್ದ ಢಾಲು, ಕಾಳಿನ ಡಬ್ಬಿಗೆ ಧೂಳು ಎಂದು ತನ್ನ ಸಂಸಾರವನ್ನು ತಾನೇ ಬಣ್ಣಿಸಿಕೊಂಡು ನಗುತ್ತಿದ್ದ.

ಹೆಂಡತಿ ಕಸ್ತೂರೆವ್ವ ಅಂಬೆಗಾಲಿಡುವ ಮಗಳನ್ನು ಎತ್ತಿಕೊಂಡು ಶೇಡಬಾಳದ ತವರಿಗೆ ಹೋಗಿ ಎರಡು ವರ್ಷವಾಗಿತ್ತು. ಕರೆಯಲು ಹೊರಟಾಗಲೆಲ್ಲ ಯಾವುದಾದರೊಂದು ಶರ್ಯತ್ತು ಅಡ್ಡ ಬರುತ್ತಿತ್ತು. ಕಡೆಗೆ ಅವಳೇ ಹೇಳಿ ಕಳಿಸಿದಳು: "ಈ ಆಯ್ತವಾರ ಟ್ರಂಕ ತಗೊಂಡ ಬಾಗಲದಾಗ ನಿಂತಿರತೇನಿ. ಅವತ್ತೂ ಬರಲಿಲ್ಲಂದ್ರ ಮತ್ತ ಬರಬ್ಯಾಡ್ರಿ."

ಮನೆಯ ಮುದಿ ಎತ್ತು ಹೂಡಿದ್ದರೆ ಸಾಕಿತ್ತು. ಆದರೆ ಅತ್ತೆಯ ಮನೆಗೆ ಡೌಲಿನಿಂದ ಹೋಗಬೇಕಲ್ಲ! ಊರ ಬಾಬಾಸಾಹೇಬನ ಶರ್ಯತ್ತಿನ ಜೋಡಿಯನ್ನೇ ಬೇಡಿ ತಂದ. ಮುಂದೊಂದು ಗಾಡಿ ಕಂಡರೆ ಅದನ್ನು ಹಿಂದೆ ಹಾಕುವ ತನಕ ನಿಲ್ಲಬಾರದೆಂದು ಆ ಎತ್ತುಗಳಿಗೆ ಕಲಿಸಿದವನು ಅವನೇ.

ಶೇಡಬಾಳ ಹತ್ತಿರವಾಗುತ್ತಿದ್ದಂತೆ ಮುಂದೆ ತುಕಾರಾಮನ ಗಾಡಿ ಕಂಡಿತು. ಅವನೂ ಶರ್ಯತ್ತಿನವನೇ.

"ಏನಲೇ ಮುರಗ್ಯಾ, ಹೆಂಡ್ತೀನ ಕರ್ಯಾಕ ಹೊಂಟಿಯೇನ? ಹಂಗಾರ ಸಾವಕಾಶ ಬಾ!" ಎಂದು ನಕ್ಕು ತನ್ನ ಎತ್ತುಗಳನ್ನು ಓಟಕ್ಕೆ ಬಿಟ್ಟ.

ಮುರಗೆಪ್ಪನ ಎತ್ತುಗಳು ಕಿವಿ ನಿಮಿರಿಸಿದವು. ಹಗ್ಗ ಜಗ್ಗಿದ್ದರೆ ನಿಲ್ಲುತ್ತಿದ್ದವು, ಅವನು ಜಗ್ಗಲಿಲ್ಲ. ಅಷ್ಟೇ ಆಗಿದ್ದರೆ ತಪ್ಪನ್ನು ಎತ್ತಿನ ಮೇಲೆ ಹಾಕಬಹುದಿತ್ತು. ಪುಣ್ಯಾತ್ಮ ಎದ್ದು ನಿಂತು ಬಾಲವನ್ನೂ ತಿರುವಿದ.

ಗಾಡಿ ಅತ್ತೆಯ ಮನೆಯ ಮುಂದೆ ಧೂಳೆಬ್ಬಿಸಿ ಹಾದುಹೋಯಿತು. ಬಾಗಿಲಲ್ಲಿ ಕಸ್ತೂರೆವ್ವ, ಟ್ರಂಕು, ಮಗಳು ಎಲ್ಲ ಕಣ್ಣಿಗೆ ಬಿದ್ದರು. ಬಸದಿ ದಾಟಿದ ಮೇಲೆ ತುಕಾರಾಮ ಹಿಂದೆ ಬಿದ್ದ. ಗೆದ್ದದ್ದು ಮುರಗೆಪ್ಪನೇ. ಗೆದ್ದ ವೀರ ಕಳ್ಳನ ಮೋರೆ ಹೊತ್ತು ಗಾಡಿ ತಿರುಗಿಸಿಕೊಂಡು ಮನೆಯ ಮುಂದೆ ಬಂದು ನಿಂತ.

ಕಸ್ತೂರೆವ್ವ ಬಾಗಿಲು ಬಿಟ್ಟು ಕದಲಲಿಲ್ಲ. ಮಗಳೇ ಓಡಿ ಬಂದು ಚಪ್ಪಾಳೆ ತಟ್ಟಿದಳು.

"ಕಾಕಾ, ನಿಮ್ಮ ಗಾಡಿ ಗೆದ್ದೈತ್ರಿ! ನಮ್ಮಪ್ಪನೂ ಬರಾಂವ ಅದಾನ. ಹಾದ್ಯಾಗ ಕಂಡನೇನ್ರಿ?"

ಮುರಗೆಪ್ಪನಿಗೆ ಹೆಂಡತಿಯ ಮುಖ ನೋಡುವ ಧೈರ್ಯವಾಗಲಿಲ್ಲ.

"ಕಂಡಾನವ್ವಾ," ಎಂದ. "ಎಲ್ಲಾರಕಿಂತ ಹಿಂದ ಉಳದಾನ. ಬರಾಕತ್ತಾನ."

ಕಸ್ತೂರೆವ್ವ ಟ್ರಂಕಿನ ಮೇಲೆ ಕೂತು ಮಗಳನ್ನು ತೊಡೆಗೆ ಎಳೆದುಕೊಂಡಳು.

"ತಡಿಯವ್ವಾ, ನಿಮ್ಮಪ್ಪ ಬರಲಿ," ಎಂದಳು. "ನಾವು ಅವನ ಗಾಡಿಗೇ ಹತ್ತೂನು."

ಮುರಗೆಪ್ಪ ಎತ್ತು ಬಿಚ್ಚಿ, ಕಟ್ಟೆಯ ತುದಿಗೆ ಕೂತು, ತಾನೂ ಹಾದಿ ನೋಡತೊಡಗಿದ.